ದೂರ ಇರೋ ಫ್ರೆಂಡ್ಸ್ ಜೊತೆ ಒಟ್ಟಿಗೆ ಸಿನಿಮಾ ನೋಡ್ಬೇಕು, ಒಬ್ಬನ ಕಡೆ ನೆಟ್‌ವರ್ಕೇ ಸಿಗಲ್ಲ, ಏನ್ ಮಾಡೋದು?

ರೂಮ್‌ನಂಬರ್17

ಎಲ್ರಿಗೂ ನಮಸ್ಕಾರ. ಸ್ವಲ್ಪ ಉದ್ದ ಆಗುತ್ತೆ, ದಯವಿಟ್ಟು ಪೂರ್ತಿ ಓದಿ.

ನಾವು ನಾಲ್ಕು ಜನ ದಾವಣಗೆರೇಲಿ ಇಂಜಿನಿಯರಿಂಗ್ ಓದುವಾಗ ಹಾಸ್ಟೆಲ್‌ನಲ್ಲಿ ಒಂದೇ ರೂಮು. ಶನಿವಾರ ರಾತ್ರಿ ಬಂತು ಅಂದ್ರೆ ಸಿನಿಮಾ ಗ್ಯಾರಂಟಿ. ಬಕೆಟ್ ಬೋರಲು ಹಾಕಿ ಅದರ ಮೇಲೆ ಲ್ಯಾಪ್‌ಟಾಪ್ ಇಟ್ಟು, ಕಿಟಕಿಗೆ ಬೆಡ್‌ಶೀಟ್ ಕಟ್ಟಿ, ಎರಡು ಮಂಚ ಜೋಡಿಸಿ ನಾಲ್ಕು ಜನ ಅಡ್ಡಡ್ಡ ಮಲಗಿ ನೋಡ್ತಿದ್ವಿ. ಲ್ಯಾಪ್‌ಟಾಪ್ ಚಾರ್ಜರ್ ಪಿನ್ ಲೂಸ್ ಇತ್ತು, ಒಂದು ಆಂಗಲ್‌ನಲ್ಲಿ ಬೆರಳಿಂದ ಒತ್ತಿ ಹಿಡಿದ್ರೆ ಮಾತ್ರ ಚಾರ್ಜ್ ಆಗ್ತಿತ್ತು, ಆ ಕೆಲಸ ಯಾವಾಗ್ಲೂ ಭಟ್ಟಂದೇ. ಹಿಡ್ಕೊಂಡೇ ಕಾಮೆಂಟರಿ ಕೊಡ್ತಿದ್ದ, "ನೋಡ್ತಾ ಇರಿ, ಇಂಟರ್‌ವಲ್ ಆದ್ಮೇಲೆ ಇವನೇ ಕಳ್ಳ ಅಂತ ಗೊತ್ತಾಗುತ್ತೆ" ಅಂತ. ಹತ್ತಕ್ಕೆ ಎಂಟು ಸಲ ಅವನು ಹೇಳಿದ್ದೇ ಆಗ್ತಿತ್ತು.

ಈಗ ಗೌಡ ಡಬ್ಲಿನ್‌ನಲ್ಲಿ, ಪಾಟೀಲ ಡಲ್ಲಾಸ್‌ನಲ್ಲಿ, ನಾನು ಬೆಂಗಳೂರಲ್ಲಿ. ಭಟ್ಟ ಕೂಡ ಬೆಂಗಳೂರಲ್ಲೇ ಇದ್ದ, ಎರಡು ವರ್ಷದ ಹಿಂದೆ ಅವರ ತಂದೆಗೆ ಸ್ಟ್ರೋಕ್ ಆಯ್ತು, ತೋಟ ನೋಡೋರು ಯಾರೂ ಇಲ್ಲ ಅಂತ ಕೆಲಸ ಬಿಟ್ಟು ಊರಿಗೆ ಹೋದ. ಶಿರಸಿಯಿಂದ ಇನ್ನೂ ಒಳಗೆ ಅವರ ಮನೆ. ಸುತ್ತ ಅಡಿಕೆ ತೋಟ, ಮೇಲೆ ಬೆಟ್ಟ, ಕೆಳಗೆ ಹಳ್ಳ. ಮನೆ ಮೆತ್ತಿನ ಮೇಲೆ, ಅಂದ್ರೆ ಅಟ್ಟಕ್ಕೆ, ಹತ್ತಿದ್ರೆ ಎರಡು ಕಡ್ಡಿ ಸಿಗ್ನಲ್ ಬರುತ್ತೆ, ಮಳೆಗಾಲದಲ್ಲಿ ಕರೆಂಟ್ ಹೋದ್ರೆ ಟವರೂ ಹೋಯ್ತು.

ನಮ್ಮ ವಾಟ್ಸಾಪ್ ಗ್ರೂಪ್ ನೋಡಿದ್ರೆ ಬೇಜಾರಾಗುತ್ತೆ. ಹ್ಯಾಪಿ ಬರ್ತ್‌ಡೇ, ಹಬ್ಬದ ಶುಭಾಶಯ, ಅಷ್ಟೇ. ಹೋದ ತಿಂಗಳು ಪಾಟೀಲನೇ ಹೇಳ್ದ, ಶನಿವಾರದ ಸಿನಿಮಾ ಮತ್ತೆ ಶುರು ಮಾಡೋಣ ಕಣ್ರೋ ಅಂತ. ಎಲ್ರೂ ಹೂಂ ಅಂದ್ವಿ.

ಮೊದಲನೇ ವಾರ ನಾನು ಓಟಿಟಿ ಆ್ಯಪ್ ಓಪನ್ ಮಾಡಿ ಮೀಟಿಂಗ್‌ನಲ್ಲಿ ಸ್ಕ್ರೀನ್ ಶೇರ್ ಮಾಡಿದೆ. ಸೌಂಡ್ ಬರ್ತಿದೆ, ಚಿತ್ರ ಬರಲ್ಲ, ಬರೀ ಕಪ್ಪು. ಅರ್ಧ ಗಂಟೆ ಒದ್ದಾಡಿ ಬಿಟ್ವಿ. ಎರಡನೇ ವಾರ ಯೂಟ್ಯೂಬ್‌ನಲ್ಲಿರೋ ಹಳೇ ಕನ್ನಡ ಸಿನಿಮಾ ಶೇರ್ ಮಾಡಿದೆ. ಅದು ಬಂತು, ಆದ್ರೆ ಗೌಡಂಗೆ ತುಟಿ ಒಂದ್ ಕಡೆ ಮಾತು ಒಂದ್ ಕಡೆ, ಭಟ್ಟಂಗೆ ಹತ್ತು ನಿಮಿಷಕ್ಕೊಂದು ಫೋಟೋ ಬಂದಂಗೆ. ಜೊತೆಗೆ ನಲವತ್ತು ನಿಮಿಷಕ್ಕೆ ಮೀಟಿಂಗ್ ತಾನಾಗೇ ಕಟ್ ಆಯ್ತು. ಮತ್ತೆ ಜಾಯಿನ್ ಆದಾಗ ಭಟ್ಟ ಬರಲಿಲ್ಲ. ಫೋನ್ ಮಾಡಿದ್ರೆ "ನೀವು ನೋಡ್ರೋ, ನಾನು ಆಮೇಲೆ ಯಾವಾಗಾದ್ರೂ ನೋಡ್ಕೊಳ್ತೀನಿ" ಅಂದ.

ಆ ಮಾತು ನನ್ನ ತಲೇಲಿ ಹಂಗೇ ಕೂತಿದೆ. ಅವನು ಸಿನಿಮಾ ಬಗ್ಗೆ ಮಾತ್ರ ಹೇಳ್ದ ಅಂತ ನಂಗೆ ಅನ್ನಿಸ್ತಿಲ್ಲ. ನಾವು ಮೂರು ಜನಕ್ಕೂ ಫೈಬರ್ ಇದೆ, ನಾವು ಮೂರೇ ಜನ ನೋಡಬಹುದು, ಆದ್ರೆ ಅದು ನಂಗೆ ಬೇಡ. ನಾಲ್ಕೂ ಜನ ಒಟ್ಟಿಗೆ ನೋಡೋ ದಾರಿ ಇದ್ಯಾ? ಯಾರಾದ್ರೂ ಹಿಂಗೆ ಮಾಡಿರೋರು ಇದ್ರೆ ಹೇಳಿ. ದುಡ್ಡು ಸ್ವಲ್ಪ ಖರ್ಚಾದ್ರೂ ಪರವಾಗಿಲ್ಲ.

ಬಫರಿಂಗ್_ಬಸಣ್ಣ

ಬ್ರೋ, ಮೊದಲು ಒಂದು ವಿಷಯ. ಸ್ಕ್ರೀನ್ ಶೇರ್ ಮರ್ತುಬಿಡಿ. ನಿಮ್ಮ ಕೇಸಿಗೆ ಅದು ತಪ್ಪು ದಾರಿ.

ಕಪ್ಪು ಬಂದಿದ್ದಕ್ಕೆ ಕಾರಣ ಡಿಆರ್‌ಎಂ. ಓಟಿಟಿಯವರು ವಿಡಿಯೋನ ಲಾಕ್ ಮಾಡಿ ಕಳಿಸ್ತಾರೆ, ಕ್ರೋಮ್ ಮತ್ತೆ ಆಂಡ್ರಾಯ್ಡ್‌ನಲ್ಲಿ ಅದಕ್ಕೆ ವೈಡ್‌ವೈನ್ ಅಂತ ಇರುತ್ತೆ, ಆ ಲಾಕ್ ಬಿಚ್ಚಿದ ಚಿತ್ರ ನೇರ ಪರದೆಗೆ ಹೋಗುತ್ತೇ ಹೊರತು ರೆಕಾರ್ಡ್ ಅಥವಾ ಶೇರ್ ಮಾಡೋ ಸಾಫ್ಟ್‌ವೇರ್ ಕೈಗೆ ಸಿಗಲ್ಲ. ಅದನ್ನ ದಾಟೋ ಟ್ರಿಕ್ ಹುಡುಕ್ತಾ ಕೂರಬೇಡಿ, ಅವರ ಶರತ್ತಿಗೂ ವಿರುದ್ಧ, ಸಿಕ್ಕಿದ್ರೂ ಕ್ವಾಲಿಟಿ ಇರಲ್ಲ. ಯಾಕಂದ್ರೆ ಒಂದು ಸಲ ಕಂಪ್ರೆಸ್ ಆಗಿ ನಿಮ್ಮ ಮನೆಗೆ ಬಂದ ವಿಡಿಯೋನ ನಿಮ್ಮ ಲ್ಯಾಪ್‌ಟಾಪ್ ಮತ್ತೆ ಕಂಪ್ರೆಸ್ ಮಾಡಿ ಮೂರು ಜನಕ್ಕೆ ಕಳಿಸ್ಬೇಕು. ಮೀಟಿಂಗ್ ಸಾಫ್ಟ್‌ವೇರ್ ಮಾತಿಗೆ ಅಂತ ಮಾಡಿರೋದು, ಸಿನಿಮಾಗೆ ಅಲ್ಲ. ಜೂಮ್ ಫ್ರೀ ಅಕೌಂಟ್‌ನಲ್ಲಿ 40 ನಿಮಿಷ, ಗೂಗಲ್ ಮೀಟ್‌ನಲ್ಲಿ ಮೂರು ಜನ ಅಥವಾ ಅದಕ್ಕಿಂತ ಜಾಸ್ತಿ ಇದ್ರೆ 60 ನಿಮಿಷ, ನಮ್ಮ ಸಿನಿಮಾ ಎರಡೂವರೆ ಗಂಟೆ.

ಸರಿಯಾದ ದಾರಿ ಅಂದ್ರೆ ಎಲ್ರೂ ಅವರವರ ಕಾಪಿ ಅವರವರ ಅಕೌಂಟಲ್ಲಿ ಓಡಿಸೋದು. ನೀವು ಹಂಚ್ಕೋಬೇಕಾಗಿರೋದು ವಿಡಿಯೋ ಅಲ್ಲ, ಬರೀ "ಪ್ಲೇ, ಪಾಸ್, ಈಗ ಎಷ್ಟನೇ ನಿಮಿಷ" ಅನ್ನೋ ಮಾಹಿತಿ. ಅದು ನಾಲ್ಕು ಅಕ್ಷರ ಅಷ್ಟೇ, 2ಜಿಯಲ್ಲೂ ಹೋಗುತ್ತೆ. ಟೆಲಿಪಾರ್ಟಿ ಅಂತ ಕ್ರೋಮ್‌ಗೆ ಹಾಕೋ ಎಕ್ಸ್‌ಟೆನ್ಶನ್ ಇದೆ, ಮುಂಚೆ ನೆಟ್‌ಫ್ಲಿಕ್ಸ್ ಪಾರ್ಟಿ ಅಂತಿತ್ತು, 2020ರ ಲಾಕ್‌ಡೌನ್‌ನಲ್ಲಿ ಎಲ್ರೂ ಹಾಕ್ಕೊಂಡಿದ್ದು ಅದೇ. ಒಬ್ಬ ಲಿಂಕ್ ಕಳಿಸ್ತಾನೆ, ಉಳಿದೋರು ಸೇರ್ತಾರೆ, ಒಬ್ಬ ಪಾಸ್ ಮಾಡಿದ್ರೆ ಎಲ್ರಿಗೂ ಪಾಸ್. ಎಲ್ರ ಹತ್ರನೂ ಸಬ್‌ಸ್ಕ್ರಿಪ್ಶನ್ ಇರ್ಬೇಕು. ಪ್ರೈಮ್ ವಿಡಿಯೋದಲ್ಲಿ ಅವರದ್ದೇ ವಾಚ್ ಪಾರ್ಟಿ ಇತ್ತು, ನೂರು ಜನದ ತನಕ ಸೇರಬಹುದಿತ್ತು, 2024ರಲ್ಲಿ ತೆಗೆದ್ರು. ಡಿಸ್ನಿಯವರು ಹೊರಗಡೆ ದೇಶಗಳಲ್ಲಿ ಕೊಟ್ಟಿದ್ದ ಗ್ರೂಪ್‌ವಾಚ್ 2023ರಲ್ಲೇ ಹೋಯ್ತು. ಹಾಗಾಗಿ ಹಳೇ ಆರ್ಟಿಕಲ್ ಓದಿ ಆ ಬಟನ್ ಎಲ್ಲಿ ಅಂತ ಹುಡುಕ್ಬೇಡಿ. ನಾಲ್ಕೂ ಜನಕ್ಕೆ ಐಫೋನ್ ಇದ್ರೆ ಫೇಸ್‌ಟೈಮ್‌ನಲ್ಲಿ ಶೇರ್‌ಪ್ಲೇ ಇದೆ, ಒಬ್ಬಂಗೆ ಆಂಡ್ರಾಯ್ಡ್ ಇದ್ರೂ ಆ ದಾರಿ ಮುಚ್ಚಿತು.

ಈಗ ಭಟ್ರ ವಿಷಯಕ್ಕೆ ಬರ್ತೀನಿ, ಅದೇ ಮುಖ್ಯ. ನೆಟ್‌ಫ್ಲಿಕ್ಸ್ ಅವರೇ ಕೊಡೋ ಲೆಕ್ಕದಲ್ಲಿ ಎಚ್‌ಡಿಗೆ ಗಂಟೆಗೆ 3 ಜಿಬಿ ತನಕ, ಸಾಧಾರಣ ಕ್ವಾಲಿಟಿಗೆ 1 ಜಿಬಿ ತನಕ ಹೋಗುತ್ತೆ. ಅವರದ್ದು ದಿನಕ್ಕೆ ಒಂದೂವರೆ ಜಿಬಿ ಪ್ಯಾಕ್ ಆಗಿದ್ರೆ ಎಚ್‌ಡಿಯಲ್ಲಿ ಅರ್ಧ ಗಂಟೆಗೆ ಖಾಲಿ, ಅದೂ ಸಿಗ್ನಲ್ ಇದ್ರೆ. ಅವರಿಗೆ ಸ್ಟ್ರೀಮಿಂಗೇ ಬೇಡ. ಡೌನ್‌ಲೋಡ್ ಮಾಡ್ಲಿ. ಓಟಿಟಿ ಆ್ಯಪಲ್ಲೇ ಡೌನ್‌ಲೋಡ್ ಇರುತ್ತೆ, ವಾರದಲ್ಲಿ ಯಾವತ್ತಾದ್ರೂ ಪೇಟೆಗೆ ಹೋದಾಗ ಇಳಿಸ್ಕೊಂಡು ಬರ್ಲಿ, ಶನಿವಾರ ಆಫ್‌ಲೈನ್‌ನಲ್ಲಿ ಓಡಿಸ್ಲಿ. ಆಗ ಅವರ ಆ ಎರಡು ಕಡ್ಡಿ ಸಿಗ್ನಲ್ ಪೂರ್ತಿ ಮಾತಿಗೆ ಉಳಿಯುತ್ತೆ. ಕೆಲವು ಸಿನಿಮಾಗೆ ಒಂದು ಸಲ ಪ್ಲೇ ಒತ್ತಿದ ಮೇಲೆ 48 ಗಂಟೆ ಮಾತ್ರ ಟೈಮ್ ಇರುತ್ತೆ, ಹಾಗಾಗಿ ಶನಿವಾರಕ್ಕಿಂತ ಮುಂಚೆ ಚೆಕ್ ಮಾಡ್ತೀನಿ ಅಂತ ಒತ್ತಬೇಡಿ ಅಂತ ಹೇಳಿ.

ಡೌನ್‌ಲೋಡ್ ಮಾಡಿದ ಫೋನಿಗೆ ಎಕ್ಸ್‌ಟೆನ್ಶನ್ ಸೇರಲ್ಲ, ಅದೊಂದು ತೊಂದರೆ. ಬಾಯಲ್ಲೇ ಒಂದು ಎರಡು ಮೂರು ಅಂತ ಎಣಿಸಿ ಎಲ್ರೂ ಒಟ್ಟಿಗೆ ಪ್ಲೇ ಒತ್ತಿ. ನಗಬೇಡಿ, ಅದೇ ಎಲ್ಲದಕ್ಕಿಂತ ಚೆನ್ನಾಗಿ ಕೆಲಸ ಮಾಡುತ್ತೆ. ಒಂದು ಸೆಕೆಂಡ್ ಆಚೆ ಈಚೆ ಆದ್ರೆ ಯಾರಿಗೂ ಗೊತ್ತಾಗಲ್ಲ. ಜಾಹೀರಾತು ಬರೋ ಪ್ಲಾನ್ ಇದ್ರೆ ಮಾತ್ರ ಕಷ್ಟ, ಒಬ್ಬೊಬ್ಬರಿಗೆ ಒಂದೊಂದು ಜಾಗದಲ್ಲಿ ಬಂದು ಲೆಕ್ಕ ತಪ್ಪುತ್ತೆ.

ಇನ್ನೊಂದು, ಸಿನಿಮಾ ಆರಿಸೋ ಮುಂಚೆ ನಾಲ್ಕೂ ಕಡೆ ಅದು ಇದ್ಯಾ ನೋಡಿ. ಇಲ್ಲಿ ಸಿಗೋ ಸಿನಿಮಾ ಐರ್ಲೆಂಡ್‌ನಲ್ಲಿ ಸಿಗಬೇಕು ಅಂತಿಲ್ಲ, ಹಕ್ಕು ದೇಶ ದೇಶಕ್ಕೆ ಬೇರೆ ಬೇರೆ ಮಾರಾಟ ಆಗಿರುತ್ತೆ.

ಹುಬ್ಳಿ_ಹೈದ

ನಾವೂ ಮೂರು ಮಂದಿ ಹಿಂಗ ನೋಡ್ತೀವ್ರಿ, ಆದ್ರ ನಮ್ದು ಸಿನಿಮಾ ಅಲ್ಲ, ಕ್ರಿಕೆಟ್ಟು. ಒಬ್ಬಾವ ಬೆಳಗಾವ್ಯಾಗ ಇರ್ತಾನ, ಒಬ್ಬಾವ ಮಸ್ಕತ್ ಒಳಗ, ನಾ ಹುಬ್ಬಳ್ಳ್ಯಾಗ. ಲೈವ್ ಮ್ಯಾಚ್ ಒಳಗ ಒಂದು ದೊಡ್ಡ ತ್ರಾಸು ಐತಿ ನೋಡ್ರಿ, ಮೂರೂ ಕಡೆ ಒಂದ ಟೈಮಿಗೆ ಬರೂದುಲ್ಲ. ಬೆಳಗಾವ್ಯಾಂವ ಡಿಟಿಎಚ್‌ನ್ಯಾಗ ನೋಡ್ತಾನ, ಅವಗ ಎಲ್ಲಾ ಮೊದಲ ಬರ್ತೈತಿ. ನಂದು ಫೋನ್ ಒಳಗ ಇಪ್ಪತ್ತು ಮೂವತ್ತು ಸೆಕೆಂಡ್ ಹಿಂದ. ನಮ್ಮ ಬೌಲರ್ ಇನ್ನೂ ಓಡಿ ಬರಾಕತ್ತಿರ್ತಾನ, ಇಂವ ಕಾಲ್ ಒಳಗ "ಹೋತು! ಹೋತು!" ಅಂತ ಒದರತಾನ. ಹಂಗಾದ್ರ ನೋಡೂದರಾಗ ಏನ ಉಳೀತು.

ಲೈವ್ ವಿಡಿಯೋನ ಸಣ್ಣ ಸಣ್ಣ ತುಂಡು ಮಾಡಿ ಕಳಸ್ತಾರಂತ, ಒಂದೊಂದು ತುಂಡು ಕೆಲವು ಸೆಕೆಂಡಿಂದು, ಫೋನು ಅಂಥಾವು ಮೂರು ನಾಕು ತುಂಡು ಕೂಡಿಸಿ ಇಟಗೊಂಡ ಮ್ಯಾಲೆ ತೋರಸ್ತೈತಿ, ನಡುವ ನಿಲ್ಲಬಾರದಂತ. ಅದಕ್ಕ ಇಷ್ಟು ತಡಾ.

2025 ಜೂನ್ 3ರ ಐಪಿಎಲ್ ಫೈನಲ್ ಹೇಳ್ತೀನಿ ಕೇಳ್ರಿ, ನಮ್ಮ ಆರ್‌ಸಿಬಿದು. ಹದಿನೆಂಟು ವರ್ಷದಿಂದ ಕಾಯ್ದ ಮ್ಯಾಚ್ ಅದು. ಕೊನೀ ಓವರ್, ಪಂಜಾಬಿಗೆ 29 ಬೇಕಿತ್ತು, ಹೇಜಲ್‌ವುಡ್ ಕೈಯಾಗ ಬಾಲು. ನನ್ನ ಫೋನ್ ಒಳಗ ಅಂವ ಮೊದಲನೇ ಬಾಲ್ ಹಾಕಾಕ ಓಡಿ ಬರಾಕತ್ತಾನ, ಅಷ್ಟರಾಗ ನಮ್ಮ ಓಣ್ಯಾಗ ಪಟಾಕ್ಷಿ ಶುರು ಆದವು. ಮಂದಿ ಟಿವ್ಯಾಗ ಎರಡನೇ ಬಾಲೂ ಡಾಟ್ ಹೋಗಿದ್ದು ನೋಡಿಬಿಟ್ಟಿದ್ರು. ಆದ್ರ ಆವತ್ತ ನಮ್ಮ ಬೆಳಗಾವ್ಯಾಂವ ಒಂದು ಮಾತು ಆಡ್ಲಿಲ್ರಿ. ಯಾಕಂದ್ರ ಆವತ್ತ ಮೊದಲ ಕರಾರು ಮಾಡಿದ್ವಿ, ಮಸ್ಕತ್‌ನಾಂವದು ಎಲ್ಲಾರಕಿಂತ ಹಿಂದ ಬರ್ತೈತಿ, ಅಂವ ಬಾಯಿ ಬಿಡೂತನಕ ನಾವಿಬ್ರೂ ಬಾಯಿ ಬಿಡಬಾರದು ಅಂತ. ಬೆಳಗಾವ್ಯಾಂವಂತೂ ಉಸರ ಬಿಗಿ ಹಿಡದು ಕುಂತಿದ್ದ, ನಂಗ ಕಾಲ್ ಒಳಗ ಅವನ ಉಸರಾಟ ಕೇಳಾಕತ್ತಿತ್ತು. ಆರು ರನ್ನಿಂದ ಗೆದ್ವಿ, ಮಸ್ಕತ್‌ನಾಂವ ಮೊದಲ ಒದರಿದ, ಆಮ್ಯಾಲೆ ನಾವು. ಮೂರೂ ಮಂದಿ ಅತ್ತೀವ್ರಿ.

ನಿಮಗ ನಾ ಹೇಳೂದು ಇಷ್ಟ. ಯಾರದು ಹಿಂದ ಐತಿ, ಅವರ ಟೈಮ್ ಇಟಗೋರಿ. ಸಿನಿಮಾ ಆದ್ರ ಇನ್ನೂ ಸಸಾರ, ನಿಲ್ಲಿಸಬಹುದು. ನಿಮ್ಮ ಭಟ್ಟರು "ನೀವು ನೋಡ್ರಿ" ಅಂದಿದ್ದು ತಮ್ಮಿಂದ ನಿಮಗ ತ್ರಾಸ ಆಗಬಾರದು ಅಂತ. ಅವರನ್ನ ಬಿಡಬ್ಯಾಡ್ರಿ.

ನಿಲ್ದಾಣ_9

ಇಷ್ಟೆಲ್ಲ ಯಾಕೆ, ಟೆಲಿಗ್ರಾಂ ಚಾನೆಲ್‌ನಲ್ಲಿ ಎಲ್ಲಾ ಹೊಸ ಸಿನಿಮಾನೂ ಬರುತ್ತೆ. ಎಲ್ರೂ ಡೌನ್‌ಲೋಡ್ ಮಾಡ್ಕೊಳ್ಳಿ, ಯಾವ ದೇಶದಲ್ಲಿ ಇದೆ ಇಲ್ಲ ಅನ್ನೋ ತಲೆನೋವೇ ಇಲ್ಲ. ಬೇಕಿದ್ರೆ ಮೆಸೇಜ್ ಮಾಡಿ.

ಟೈಮ್‌ಲೈನ್

ಮೇಲಿನವರಿಗೆ: ದಯವಿಟ್ಟು ಬೇಡ. ನಾನು ಕನ್ನಡ ಸಿನಿಮಾ ಎಡಿಟಿಂಗ್ ರೂಮಲ್ಲಿ ಕೆಲಸ ಮಾಡ್ತೀನಿ. ನಮ್ಮ ಕಡೆ ಸಣ್ಣ ಸಿನಿಮಾಗಳಿಗೆ ಥಿಯೇಟರ್‌ನಲ್ಲಿ ಒಂದು ವಾರ ಉಳಿಯೋದೇ ಕಷ್ಟ, ಓಟಿಟಿಯವರು ತಗೊಳ್ಳೋದು ಅದಕ್ಕಿಂತ ಕಷ್ಟ. ರಿಲೀಸ್ ಆದ ಮಾರನೇ ದಿನ ಬೆಳಿಗ್ಗೆ ಅದೇ ಸಿನಿಮಾ ಚಾನೆಲ್‌ನಲ್ಲಿ ಓಡಾಡ್ತಿರೋದು ನೋಡಿದ್ರೆ ಆರು ತಿಂಗಳು ರಾತ್ರಿ ಕೂತು ಕಟ್ ಮಾಡಿದ ಕೈ ನಡುಗುತ್ತೆ. ಯೂಟ್ಯೂಬ್‌ನಲ್ಲಿ ನಿರ್ಮಾಪಕರು ಮತ್ತೆ ಹಕ್ಕು ಇರೋ ಕಂಪನಿಗಳೇ ಹಾಕಿರೋ ಹಳೇ ಸಿನಿಮಾ ಬೇಕಾದಷ್ಟಿವೆ, ಬೇರೆ ದೇಶದಲ್ಲೂ ಸಾಮಾನ್ಯವಾಗಿ ತೆರೆಯುತ್ತೆ, ಫ್ರೀ. ಅದರಿಂದ ಶುರು ಮಾಡಿ.

ರೂಮ್‌ನಂಬರ್17

ಎಲ್ರಿಗೂ ಥ್ಯಾಂಕ್ಸ್. ಬಸಣ್ಣ, ಡೌನ್‌ಲೋಡ್ ಐಡಿಯಾ ನಂಗೆ ಹೊಳೆದೇ ಇರಲಿಲ್ಲ ಅಂದ್ರೆ ನಂಬ್ತೀರಾ, ಇಷ್ಟು ಸರಳ. ಹುಬ್ಳಿಯವ್ರೇ ನೀವು ಬರೆದಿದ್ದು ಎರಡು ಸಲ ಓದಿದೆ. ಟೈಮ್‌ಲೈನ್ ಅವ್ರೇ, ಖಂಡಿತ, ಪೈರಸಿ ಮುಟ್ಟಲ್ಲ.

ಟೈಮ್ ಲೆಕ್ಕ ಹಾಕಿದೆ. ಇಲ್ಲಿ ಶನಿವಾರ ರಾತ್ರಿ 9.30 ಅಂದ್ರೆ ಡಬ್ಲಿನ್‌ನಲ್ಲಿ ಸಂಜೆ 5, ಡಲ್ಲಾಸ್‌ನಲ್ಲಿ ಬೆಳಿಗ್ಗೆ 11. ಅಕ್ಟೋಬರ್ ಕೊನೇ ಭಾನುವಾರ ಐರ್ಲೆಂಡ್‌ನಲ್ಲಿ ಗಡಿಯಾರ ಹಿಂದಕ್ಕೆ ಹೋಗುತ್ತೆ, ಅಮೆರಿಕಾದಲ್ಲಿ ನವೆಂಬರ್ ಮೊದಲ ಭಾನುವಾರ, ಆ ವಾರ ಒಂದು ಗೊಂದಲ ಆಗೋದು ಗ್ಯಾರಂಟಿ, ಈಗಲೇ ಗ್ರೂಪಲ್ಲಿ ಪಿನ್ ಮಾಡಿಟ್ಟಿದ್ದೀನಿ.

ಒಂದು ಪ್ರಶ್ನೆ. ಸಿನಿಮಾ ಓಡುವಾಗ ಕಾಲ್ ಆನ್ ಇಟ್ರೆ ನಾಲ್ಕು ಜನದ ಸ್ಪೀಕರ್ ಸೌಂಡು ಮತ್ತೆ ಮತ್ತೆ ಕೇಳಿಸ್ತಾ ಇರುತ್ತೆ. ಅದಕ್ಕೇನು ಮಾಡ್ತೀರಿ?

ಕುಂದಾಪ್ರದ_ಮಗಳು

ಇದಕ್ಕೆ ನಾನು ಉತ್ತರ ಹೇಳಬಲ್ಲೆ ತಮ್ಮಾ, ನಾನೂ ಅಪ್ಪಯ್ಯನೂ ನಾಲ್ಕು ವರ್ಷದಿಂದ ಹೀಗೇ ಆಟ ನೋಡ್ತಿರೋದು. ಆಟ ಅಂದ್ರೆ ಯಕ್ಷಗಾನ. ನಾನು ನ್ಯೂಜೆರ್ಸಿಯಲ್ಲಿ, ಅಪ್ಪಯ್ಯ ಕುಂದಾಪುರದ ಹತ್ರ ಊರಲ್ಲಿ, ಅವರಿಗೆ ಎಪ್ಪತ್ತೆಂಟು. ಮಂಡಿ ನೋವಿಂದ ಈಗ ಬಯಲಲ್ಲಿ ರಾತ್ರಿ ಇಡೀ ಕೂರೋಕೆ ಆಗಲ್ಲ. ಈಗ ಮೇಳದ ಆಟ ಎಷ್ಟೋ ಯೂಟ್ಯೂಬ್‌ನಲ್ಲಿ ಲೈವ್ ಬರುತ್ತೆ. ಚಳಿಗಾಲದಲ್ಲಿ ಅಲ್ಲಿ ರಾತ್ರಿ ಒಂಬತ್ತೂವರೆ ಅಂದ್ರೆ ನಮಗೆ ಬೆಳಿಗ್ಗೆ ಹನ್ನೊಂದು. ಶನಿವಾರ ನಾನು ಅನ್ನಕ್ಕೆ ಇಟ್ಟು, ಲ್ಯಾಪ್‌ಟಾಪ್ ಅಡುಗೆಮನೆ ಕಟ್ಟೆ ಮೇಲೆ ಇಟ್ಕೊಂಡು ಕೂತ್ರೆ ಅಪ್ಪಯ್ಯ ಆ ಕಡೆಯಿಂದ "ಚೆಂಡೆ ಶುರುವಾಯ್ತಾ?" ಅಂತ ಕೇಳ್ತಾರೆ.

ಸೌಂಡ್ ವಿಷಯ: ಎಲ್ಲರೂ ಇಯರ್‌ಫೋನ್ ಹಾಕ್ಲೇಬೇಕು, ಬೇರೆ ದಾರಿ ಇಲ್ಲ. ನಾನು ಮಾಡೋದು ಹೀಗೆ. ಆಟ ಲ್ಯಾಪ್‌ಟಾಪ್‌ನಲ್ಲಿ, ಮಾತು ಫೋನ್‌ನಲ್ಲಿ. ಎಡ ಕಿವಿಗೆ ಫೋನಿನ ಇಯರ್‌ಬಡ್, ಬಲ ಕಿವಿ ಖಾಲಿ, ಅದರಲ್ಲಿ ಆಟ ಕೇಳೋದು, ಲ್ಯಾಪ್‌ಟಾಪ್ ಸೌಂಡ್ ಸಣ್ಣಕ್ಕೆ. ಅಪ್ಪಯ್ಯನಿಗೆ ವೈರ್ ಇರೋ ಇಯರ್‌ಫೋನೇ ಕೊಡಿಸಿದ್ದೀನಿ, ವಯಸ್ಸಾದವರಿಗೆ ಬ್ಲೂಟೂತ್ ಬೇಡ, ಅರ್ಧ ಆಟದಲ್ಲಿ ಚಾರ್ಜ್ ಮುಗಿದ್ರೆ ಗಾಬರಿ ಆಗ್ತಾರೆ. ವೀಡಿಯೋ ಕಾಲ್ ಮಾಡಬೇಡಿ, ಬರೀ ಮಾತಿನ ಕಾಲ್ ಸಾಕು. ಮುಖ ನೋಡೋಕೆ ಹೋದ್ರೆ ನೆಟ್ ಅದಕ್ಕೇ ಹೋಗುತ್ತೆ, ಮತ್ತೆ ಆಟ ನೋಡೋರು ಆಟ ನೋಡಬೇಕು, ಮುಖ ಅಲ್ಲ.

ಹುಬ್ಬಳ್ಳಿಯವರು ಹೇಳಿದ ಹಿಂದೆ ಮುಂದೆ ನಮಗೂ ಇತ್ತು. ನನ್ನ ಕಡೆ ಹದಿನೈದು ಇಪ್ಪತ್ತು ಸೆಕೆಂಡ್ ಮುಂದೆ ಇರ್ತಿತ್ತು. ಒಮ್ಮೆ ಭಾಗವತರು ಒಂದು ಪದ್ಯ ಎತ್ತಿದ್ರು, ನಾನು "ಆಹಾ" ಅಂದುಬಿಟ್ಟೆ. ಅಪ್ಪಯ್ಯ ಎರಡು ಕ್ಷಣ ಸುಮ್ಮನಿದ್ದು "ನನಗಿನ್ನೂ ಬಂದಿಲ್ಲ ಮಗ" ಅಂದ್ರು. ಆ ದನಿ ಈಗಲೂ ಕಿವಿಯಲ್ಲಿದೆ. ಸಣ್ಣವಳಿದ್ದಾಗ ಆಟದ ಗದ್ದೆಯಲ್ಲಿ ನನ್ನನ್ನ ಹೆಗಲ ಮೇಲೆ ಕೂರಿಸ್ಕೊಂಡು, ಈಗ ಬಣ್ಣದ ವೇಷ ಬರುತ್ತೆ ಹೆದರಬೇಡ ಅಂತ ಮುಂಚೆ ಹೇಳ್ತಿದ್ದವರು ಅವರು. ಆವತ್ತಿಂದ ನಾನು ಕಂಪ್ಯೂಟರ್‌ನಲ್ಲಿ ಜೆ ಕೀ ಒತ್ತಿ ನನ್ನದನ್ನ ಹಿಂದಕ್ಕೆ ತರ್ತೀನಿ. ಯೂಟ್ಯೂಬ್‌ನಲ್ಲಿ ಜೆ ಒತ್ತಿದ್ರೆ ಹತ್ತು ಸೆಕೆಂಡ್ ಹಿಂದೆ ಹೋಗುತ್ತೆ, ಎಲ್ ಒತ್ತಿದ್ರೆ ಹತ್ತು ಸೆಕೆಂಡ್ ಮುಂದೆ. ಎರಡು ಮೂರು ಸಲ ಒತ್ತಿ ಅಪ್ಪಯ್ಯನಿಗಿಂತ ಸ್ವಲ್ಪ ಹಿಂದೇನೇ ಇರ್ತೀನಿ. ಈಗ ಅವರೇ ಮೊದಲು ಹೇಳ್ತಾರೆ, "ಈಗ ನೋಡು, ಈ ಅರ್ಥ ಕೇಳು" ಅಂತ, ಆಮೇಲೆ ನನಗೆ ಅದು ಬರುತ್ತೆ.

ಈಗ ಮಳೆಗಾಲ, ಮೇಳಗಳು ತಿರುಗಾಟ ನಿಲ್ಲಿಸಿವೆ. ಹಳೇ ರೆಕಾರ್ಡಿಂಗ್ ನೋಡ್ತೀವಿ, ಕಾಲಮಿತಿ ಆಟ, ಅಂದ್ರೆ ರಾತ್ರಿ ಇಡೀ ಅಲ್ಲದೆ ಬೇಗ ಮುಗಿಯೋದು, ಆದ್ರೂ ಕೆಲವು ಗಂಟೆ ಇರುತ್ತೆ, ಅಷ್ಟು ಹೊತ್ತು ಅಪ್ಪಯ್ಯನ ಹತ್ರ ಬೇರೆ ಯಾವ ನೆಪದಲ್ಲೂ ನಾನು ಮಾತಾಡಿಲ್ಲ. ಊಟ ಆಯ್ತಾ, ಮಾತ್ರೆ ತಗೊಂಡ್ರಾ ಅಂತ ಐದು ನಿಮಿಷಕ್ಕೆ ಮುಗೀತಿತ್ತು.

ನಿಮ್ಮ ಗೆಳೆಯನ ತಂದೆಗೆ ಬೇಗ ಗುಣ ಆಗಲಿ.

ಬಫರಿಂಗ್_ಬಸಣ್ಣ

ಅಕ್ಕ ಹೇಳಿದ್ದು ನೂರಕ್ಕೆ ನೂರು. ಎರಡು ಬೇರೆ ಡಿವೈಸ್, ಒಂದರಲ್ಲಿ ಸಿನಿಮಾ ಒಂದರಲ್ಲಿ ಮಾತು. ಭಟ್ರ ಹತ್ರ ಒಂದೇ ಫೋನ್ ಇದ್ರೆ ಮನೇಲಿರೋ ಇನ್ನೊಂದು ಹಳೇ ಫೋನ್‌ಗೆ ಡೌನ್‌ಲೋಡ್ ಮಾಡ್ಕೊಳ್ಳಿ ಅಂತ ಹೇಳಿ, ಪ್ಲೇ ಮಾಡೋಕೆ ಅದಕ್ಕೆ ಸಿಮ್ಮೂ ಬೇಡ.

ರೂಮ್‌ನಂಬರ್17

ಹತ್ತು ದಿನ ಆದ್ಮೇಲೆ ಬರೀತಿದ್ದೀನಿ, ಏನಾಯ್ತು ಅಂತ ಹೇಳಲೇಬೇಕು.

ಭಟ್ಟಂಗೆ ಫೋನ್ ಮಾಡಿ ಹಿಂಗಿಂಗೆ ಅಂದೆ. ಮೊದಲು ಬೇಡ ಅಂದ. ಮಳೆ ಸ್ವಲ್ಪ ಬಿಡುವು ಕೊಟ್ಟಿದೆ, ಅಡಿಕೆಗೆ ಕೊಳೆ ರೋಗದ ಔಷಧಿ ಹೊಡೆಸ್ಬೇಕು, ಮರ ಹತ್ತಿ ಹೊಡೆಯೋ ಕೊನೆಗೌಡ ಸಿಗೋದೇ ಕಷ್ಟ, ಸಿಕ್ಕ ದಿನ ಬಿಡೋ ಹಾಗಿಲ್ಲ, ರಾತ್ರಿ ಸುಸ್ತಾಗಿರುತ್ತೆ ಅಂತೆಲ್ಲ. ನಾನು ಹೇಳಿದೆ, ನಿನ್ನ ಟೈಮೇ ನಮ್ಮ ಟೈಮು, ನೀನು ಇಲ್ದೆ ನಾವು ಪ್ಲೇ ಒತ್ತಲ್ಲ ಅಂತ. ಸ್ವಲ್ಪ ಹೊತ್ತು ಸುಮ್ನಿದ್ದ. ಆಮೇಲೆ "ಗುರುವಾರ ಶಿರಸಿಗೆ ಹೋಗೋದಿದೆ, ಅಲ್ಲೇ ಇಳಿಸ್ಕೊಂಡು ಬರ್ತೀನಿ" ಅಂದ.

ಶನಿವಾರ ರಾತ್ರಿ ಒಂಬತ್ತೂವರೆಗೆ ಕಾಲ್ ಹಾಕಿದ್ರೆ ಭಟ್ಟ ಮೆತ್ತಿನ ಮೇಲೆ ಕೂತಿದ್ದ, ಹಿಂದೆ ಹಂಚಿನ ಮೇಲೆ ಮಳೆ ಬೀಳೋ ಸದ್ದು ನಮ್ಮ ಮೂರು ಜನಕ್ಕೂ ಕೇಳಿಸ್ತಿತ್ತು. ಅವನ ತಂಗಿಯ ಹಳೇ ಫೋನ್‌ನಲ್ಲಿ ಸಿನಿಮಾ, ಅವನ ಫೋನ್‌ನಲ್ಲಿ ಮಾತು. ಎಣಿಸೋ ಕೆಲಸ ಅವನಿಗೇ ಕೊಟ್ವಿ. ಒಂದು, ಎರಡು, ಮೂರು. ನಾಲ್ಕೂ ಕಡೆ ಸೆನ್ಸಾರ್ ಸರ್ಟಿಫಿಕೇಟ್ ಒಟ್ಟಿಗೆ ಬಂತು.

ಕಾಲ್ ಮೂರು ಸಲ ಕಟ್ ಆಯ್ತು. ಕಟ್ ಆದ ತಕ್ಷಣ ನಾವು ಮೂರೂ ಜನ ಪಾಸ್ ಮಾಡಿ ಕಾದ್ವಿ. ವಾಪಸ್ ಬಂದು "ನಲವತ್ತೇಳು ಹನ್ನೆರಡು" ಅಂತ ಅವನು ಟೈಮ್ ಹೇಳ್ತಿದ್ದ, ನಾವು ಅಲ್ಲಿಗೆ ಹೋಗಿ ನಿಲ್ತಿದ್ವಿ, ಮತ್ತೆ ಒಂದು ಎರಡು ಮೂರು. ಎರಡನೇ ಸಲ ಕಟ್ ಆದಾಗ ಒಂಬತ್ತು ನಿಮಿಷ ಬರಲಿಲ್ಲ. ಪಾಟೀಲ "ಇಂಟರ್‌ವಲ್ ಅಂತ ತಿಳ್ಕೊಳ್ಳೋಣ" ಅಂತ ಕಾಫಿ ಮಾಡ್ಕೊಳ್ಳೋಕೆ ಹೋದ, ಯಾರೂ ಮುಂದೆ ಓಡಿಸ್ಲಿಲ್ಲ. ಇಂಟರ್‌ವಲ್ ಆದ್ಮೇಲೆ ಭಟ್ಟ ಶುರು ಹಚ್ಕೊಂಡ, "ನೋಡ್ತಾ ಇರಿ, ಅವರ ಚಿಕ್ಕಪ್ಪನೇ". ಚಿಕ್ಕಪ್ಪನೇ ಆಗಿದ್ದ. ಗೌಡ ಎಷ್ಟು ಜೋರಾಗಿ ನಕ್ಕ ಅಂದ್ರೆ ಪಕ್ಕದ ಫ್ಲಾಟ್‌ನವರು ಗೋಡೆ ತಟ್ಟಿದ್ರಂತೆ.

ಸಿನಿಮಾ ಮುಗಿದ ಮೇಲೆ ಒಂದೂಕಾಲು ಗಂಟೆ ಮಾತಾಡಿದ್ವಿ. ತಂದೆಗೆ ಈಗ ಬಲಗೈ ಸ್ವಲ್ಪ ಸ್ವಲ್ಪ ಎತ್ತೋಕೆ ಬರ್ತಿದೆಯಂತೆ, ಲೋಟ ಹಿಡ್ಕೊಳ್ತಾರಂತೆ. ಇದು ನಮಗೆ ಮೂರು ಜನಕ್ಕೂ ಗೊತ್ತೇ ಇರಲಿಲ್ಲ, ಎರಡು ವರ್ಷದಲ್ಲಿ ಕೇಳಿದ್ದೆಲ್ಲ "ತಂದೆ ಹೇಗಿದ್ದಾರೆ", "ಪರವಾಗಿಲ್ಲ" ಅಷ್ಟೇ.

ಈಗ ಮುಂದಿನದ್ದು. ಫೈನಲ್ ಇಯರ್ ಕಾಲೇಜ್ ಡೇಗೆ ನಾವು ಮಾಡಿದ್ದ ನಾಟಕದ ವಿಡಿಯೋ ನನ್ನ ಹಳೇ ಹಾರ್ಡ್‌ಡಿಸ್ಕ್‌ನಲ್ಲಿ ಸಿಕ್ತು, 4 ಜಿಬಿ ಇದೆ. ಗೌಡಂಗೂ ಪಾಟೀಲಂಗೂ ಡ್ರೈವ್‌ನಲ್ಲಿ ಕಳಿಸಿದೆ. ಭಟ್ಟಂಗೆ ಪೆನ್‌ಡ್ರೈವ್‌ಗೆ ಹಾಕಿ ನಾಳೆ ರಾತ್ರಿ ಶಿರಸಿ ಬಸ್ಸಿಗೆ ಪಾರ್ಸೆಲ್ ಕೊಡ್ತಿದ್ದೀನಿ, ಬೆಳಿಗ್ಗೆ ಸ್ಟ್ಯಾಂಡಿಗೆ ಹೋಗಿ ಇಸ್ಕೊಳ್ತಾನೆ. ನಮ್ಮದೇ ಫೈಲ್ ಆದ್ರೆ ಎಣಿಸೋ ಬದಲು ತಾನಾಗೇ ಸಿಂಕ್ ಆಗೋ ಸಾಫ್ಟ್‌ವೇರ್ ಏನಾದ್ರೂ ಇದ್ಯಾ ಬಸಣ್ಣ? ಭಟ್ಟನ ಲ್ಯಾಪ್‌ಟಾಪ್ ಇದೆ, ಅದೇ ಹಾಸ್ಟೆಲ್‌ದು. ಚಾರ್ಜರ್ ಪಿನ್ ರಿಪೇರಿ ಮಾಡಿಸಿದ್ದಾನಂತೆ.

ಬಫರಿಂಗ್_ಬಸಣ್ಣ

ಇದೆ, ಸಿಂಕ್‌ಪ್ಲೇ ಅಂತ, ಫ್ರೀ, ಓಪನ್ ಸೋರ್ಸ್. ನಾಲ್ಕೂ ಲ್ಯಾಪ್‌ಟಾಪ್‌ಗೆ ವಿಎಲ್‌ಸಿ ಜೊತೆ ಹಾಕ್ಕೊಳ್ಳಿ, ನಾಲ್ಕೂ ಜನ ಒಂದೇ ಸರ್ವರ್ ಆರಿಸಿ ಒಂದೇ ರೂಮ್ ಹೆಸರು ಕೊಡಿ, ಅವರವರ ಫೈಲ್ ಅವರವರು ಓಪನ್ ಮಾಡಿ. ವಿಡಿಯೋ ನೆಟ್‌ನಲ್ಲಿ ಹೋಗಲ್ಲ, ಟೈಮ್ ಮಾತ್ರ ಹೋಗುತ್ತೆ, ಭಟ್ರ ಫೋನ್ ಹಾಟ್‌ಸ್ಪಾಟ್ ಸಾಕು. ಯಾರದ್ದಾದ್ರೂ ಸ್ವಲ್ಪ ಮುಂದೆ ಹೋದ್ರೆ ಅವರದ್ದನ್ನ ಅದೇ ನಿಧಾನ ಮಾಡುತ್ತೆ, ತೀರಾ ಮುಂದೆ ಹೋದ್ರೆ ಹಿಂದಕ್ಕೆ ಕರ್ಕೊಂಡು ಬರುತ್ತೆ. ಪೆನ್‌ಡ್ರೈವ್ ಕಳಿಸೋ ಮುಂಚೆ ಅದರಲ್ಲೇ ಸಿಂಕ್‌ಪ್ಲೇ ಮತ್ತೆ ವಿಎಲ್‌ಸಿ ಸೆಟಪ್ ಫೈಲೂ ಹಾಕಿ, ಅವರು ಅಲ್ಲಿ ಡೌನ್‌ಲೋಡ್ ಮಾಡೋದು ತಪ್ಪುತ್ತೆ.

ರೂಮ್‌ನಂಬರ್17

ಹಾಕಿದೆ. ರೂಮ್ ಹೆಸರು 17.